ಬೆಳಕಿಗೆ ಕಾಯುವ ಹಕ್ಕು ಯಾರದು? ಸಂತೋಷ್ ಶಿವನ್ ಬಗ್ಗೆ ಮಾತಾಡೋಣ

ಮಸ್ಕಿ ಬಂಡೆ

ಎಲ್ಲರಿಗೂ ನಮಸ್ಕಾರ. ನಾನು ಮಸ್ಕಿಯವನು. ಸಿಂಧನೂರು, ಲಿಂಗಸುಗೂರು ಕಡೆ ಮದುವೆ ಫೋಟೋ, ವಿಡಿಯೋ ಕೆಲಸ ಮಾಡುತ್ತೇನೆ. ಈ ಗುಂಪಿನಲ್ಲಿ ರಾಯಚೂರು, ಕೊಪ್ಪಳ, ಬಳ್ಳಾರಿಯ ಕ್ಯಾಮೆರಾದವರು ಇದ್ದೀರಿ, ಸಿನಿಮಾ ಹುಚ್ಚಿನವರೂ ಇದ್ದೀರಿ. ಅದಕ್ಕೇ ಇಲ್ಲಿ ಕೇಳುತ್ತಿದ್ದೇನೆ.

2024ರ ಕಾನ್ ಚಿತ್ರೋತ್ಸವದಲ್ಲಿ ಸಂತೋಷ್ ಶಿವನ್ ಅವರಿಗೆ ಪಿಯರ್ ಆಂಜಿನ್ಯೂ ಗೌರವ ಸಿಕ್ಕಿತು. ಛಾಯಾಗ್ರಾಹಕರಿಗೆ ಅಂತಲೇ ಇರುವ ಗೌರವ ಅದು. ಏಷ್ಯಾದವರಿಗೆ ಸಿಕ್ಕಿದ್ದು ಅದೇ ಮೊದಲು. ಆಗ ನಮ್ಮವರೆಲ್ಲ ಹಂಚಿಕೊಂಡಿದ್ದು 'ದಿಲ್ ಸೇ' ಚಿತ್ರದ ರೈಲಿನ ಹಾಡು. ನೀಲಗಿರಿ ರೈಲಿನ ನೆತ್ತಿಯ ಮೇಲೆ ಕುಣಿತ, ಸುತ್ತ ಬೆಟ್ಟ. ಅದ್ಭುತವಾಗಿದೆ, ಎರಡು ಮಾತಿಲ್ಲ. ಆದರೆ ಅವರೇ ನಿರ್ದೇಶಿಸಿದ, ನಿರ್ಮಾಣಕ್ಕೂ ಕೈ ಹಾಕಿದ ಸಿನಿಮಾಗಳ ಸುದ್ದಿ ಯಾರೂ ಎತ್ತಲಿಲ್ಲ. ನನಗೆ ಆ ಅರ್ಧವೇ ಜಾಸ್ತಿ ಮುಖ್ಯ ಅನಿಸುತ್ತದೆ.

ಗೊತ್ತಿಲ್ಲದವರಿಗೆ ಚಿಕ್ಕದಾಗಿ ಹೇಳುತ್ತೇನೆ. 1964ರಲ್ಲಿ ಕೇರಳದಲ್ಲಿ ಹುಟ್ಟಿದವರು. ತಂದೆ ಶಿವನ್ ತಿರುವನಂತಪುರದ ದೊಡ್ಡ ಫೋಟೋಗ್ರಾಫರ್, 'ಚೆಮ್ಮೀನ್' ಚಿತ್ರಕ್ಕೆ ಸ್ಟಿಲ್ ತೆಗೆದವರು. ಅಣ್ಣ ಸಂಗೀತ್ ಶಿವನ್ ನಿರ್ದೇಶಕರಾಗಿದ್ದರು. ಪುಣೆ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ಕಲಿತರು. 1990ರ 'ಪೆರುಂತಚ್ಚನ್' ಛಾಯಾಗ್ರಹಣಕ್ಕೆ ರಾಷ್ಟ್ರ ಪ್ರಶಸ್ತಿ ಬಂತು. ಆಮೇಲೆ ಮಣಿರತ್ನಂ ಜೊತೆ 'ದಳಪತಿ', 'ರೋಜಾ', 'ಇರುವರ್', 'ದಿಲ್ ಸೇ'. ಕೊನೆಯ ಎರಡಕ್ಕೂ ರಾಷ್ಟ್ರ ಪ್ರಶಸ್ತಿ. ನಡುವೆ 'ಕಾಲಾಪಾನಿ'ಗೂ ಬಂತು. 2014ರಲ್ಲಿ ಪದ್ಮಶ್ರೀ.

ಈಗ ಇಸವಿಗಳನ್ನು ನೋಡಿ. ಕ್ಯಾಮೆರಾ ಸಾಕಾಗಿ, ವಯಸ್ಸಾದ ಮೇಲೆ ನಿರ್ದೇಶನಕ್ಕೆ ಬಂದವರಲ್ಲ. 1996ರಲ್ಲೇ 'ಹಲೋ' ಅನ್ನುವ ಮಕ್ಕಳ ಚಿತ್ರ ಮಾಡಿದ್ದರು. ಅದೂ ರಾಷ್ಟ್ರ ಪ್ರಶಸ್ತಿ ಪಡೆದ ಚಿತ್ರ. 1998ರಲ್ಲಿ 'ದಿ ಟೆರರಿಸ್ಟ್', 'ಮಲ್ಲಿ' ಎರಡೂ ಬಂದವು. ಅದೇ ವರ್ಷ 'ದಿಲ್ ಸೇ' ಕೂಡ.

'ದಿಲ್ ಸೇ' ಮತ್ತು 'ದಿ ಟೆರರಿಸ್ಟ್' ಎರಡರಲ್ಲೂ ಇರುವುದು ಮೈಗೆ ಬಾಂಬ್ ಕಟ್ಟಿಕೊಂಡು ಸಾಯಲು ಹೊರಟ ಹೆಣ್ಣು. ಕ್ಯಾಮೆರಾ ಹಿಡಿದವರೂ ಒಬ್ಬರೇ. ಒಂದರಲ್ಲಿ ದೊಡ್ಡ ನಟರು, ರೆಹಮಾನ್ ಹಾಡು, ದೇಶದ ಮೂಲೆ ಮೂಲೆಯ ಲೊಕೇಷನ್. ಇನ್ನೊಂದರಲ್ಲಿ ಹೆಚ್ಚು ಹೊತ್ತು ಕಾಣುವುದು ಆಯೇಷಾ ಧಾರ್ಕರ್ ಮುಖ ಮಾತ್ರ. ಕೆನ್ನೆ ಮೇಲೆ ನೀರು, ಕಣ್ಣು, ಉಸಿರು. ಬೆರಳಿಂದ ಮುಟ್ಟಬಹುದು ಅನ್ನುವಷ್ಟು ಹತ್ತಿರ. ಒಂದೇ ವರ್ಷ ಬಂದ ಈ ಎರಡು ಸಿನಿಮಾಗಳನ್ನು ಒಂದಾದ ಮೇಲೊಂದು ನೋಡಿ. ಕ್ಯಾಮೆರಾದವನು ನಿರ್ದೇಶಕನೂ ಆದರೆ ಏನು ಬದಲಾಗುತ್ತದೆ ಅಂತ ಕಣ್ಣಿಗೇ ಕಾಣುತ್ತದೆ.

ನನ್ನ ಪ್ರಕಾರ ಬದಲಾಗುವುದು ಒಂದೇ. ಕಾಯುವ ಹಕ್ಕು. ಬೆಳಕು ಸರಿಯಾಗಲಿ, ಆಮೇಲೆ ಶಾಟ್ ಅಂತ ಕ್ಯಾಮೆರಾದವನು ಕೇಳಬಹುದು, ಅಷ್ಟೇ. ಕೊಡುವವರು ನಿರ್ದೇಶಕರು, ಅವರಿಗಿಂತ ಮೇಲೆ ನಿರ್ಮಾಪಕರು. ನಮ್ಮ ಕೆಲಸದಲ್ಲಂತೂ ಅದು ದಿನಾ ಕಾಣುತ್ತದೆ. ಅಕ್ಕಿಕಾಳು ಬೀಳುವುದು ಮಟಮಟ ಮಧ್ಯಾಹ್ನ. ಮೇಲೆ ಕೆಂಪು, ಹಳದಿ ಪಟ್ಟೆಯ ಶಾಮಿಯಾನ. ಮದುಮಗಳ ಒಂದು ಕೆನ್ನೆ ಕೆಂಪು, ಇನ್ನೊಂದು ಹಳದಿ. ಪಕ್ಕದ ಬಟ್ಟೆ ಸ್ವಲ್ಪ ಸುತ್ತಿ ಎತ್ತಿಸಿದರೆ ಒಳ್ಳೆ ಬೆಳಕು ಬರುತ್ತದೆ. ಎತ್ತಿಸೋಣ ಅಂದರೆ ಕೇಳುವವರು ಯಾರು? ಮುಹೂರ್ತ ನನ್ನ ಕೈಯಲ್ಲಿಲ್ಲ. ಶಿವನ್ ಅವರು ಮುಹೂರ್ತವನ್ನೇ ಕೈಗೆ ತೆಗೆದುಕೊಂಡರು ಅಂತ ನನಗೆ ಅನಿಸುತ್ತದೆ. ನಿಮಗೆ?

ರೀಲು ಬಳ್ಳಾರಿ

ತಮ್ಮಾ, ಒಳ್ಳೆ ವಿಷಯ ಎತ್ತಿದ್ದೀಯ. ನಾನು ಬಳ್ಳಾರಿಯ ಒಂದು ಟಾಕೀಸಿನಲ್ಲಿ ಆಪರೇಟರ್ ಆಗಿದ್ದವನು. ಇವರ ಸಿನಿಮಾಗಳು ನಮ್ಮಲ್ಲಿಗೆ ಬರುತ್ತಿದ್ದದ್ದು ತೆಲುಗಿನಲ್ಲಿ. 'ಇರುವರ್' ಇಲ್ಲಿ 'ಇದ್ದರು', 'ದಿಲ್ ಸೇ' ಇಲ್ಲಿ 'ಪ್ರೇಮತೋ'. 'ಇರುವರ್'ನಲ್ಲಿ ನಮ್ಮ ಪ್ರಕಾಶ್ ರೈಗೂ ರಾಷ್ಟ್ರ ಪ್ರಶಸ್ತಿ ಬಂದಿತ್ತು, ಅದನ್ನೂ ಸೇರಿಸಿಕೋ.

ಕ್ಯಾಬಿನ್ ಒಳಗಿದ್ದವರಿಗೆ ಮಾತ್ರ ಗೊತ್ತಿರುವ ಒಂದು ಸಂಗತಿ ಹೇಳುತ್ತೇನೆ. ಆಗ ನಮ್ಮ ಪ್ರೊಜೆಕ್ಟರ್‌ನಲ್ಲಿ ಕಾರ್ಬನ್ ಕಡ್ಡಿ ಉರಿಯುತ್ತಿತ್ತು. ಎರಡು ಕಡ್ಡಿ ಎದುರುಬದುರು. ಉರಿದಂತೆ ನಡುವಿನ ಸಂದು ದೊಡ್ಡದಾಗುತ್ತದೆ, ಅದನ್ನು ಆಗಾಗ ಸರಿ ಮಾಡುತ್ತಿರಬೇಕು. ಸ್ವಲ್ಪ ಮೈಮರೆತರೆ ಪರದೆ ಮಂಕಾಗುತ್ತದೆ. ಮಾಲೀಕರಿಗೆ ಕಡ್ಡಿ ಉಳಿಸುವ ಚಿಂತೆ, ಕರೆಂಟ್ ಕಡಿಮೆ ಇಡಿ ಅನ್ನುವರು. ಮಾಮೂಲಿ ಸಿನಿಮಾಗಳಿಗೆ ಅದು ನಡೆಯುತ್ತಿತ್ತು, ಯಾಕೆಂದರೆ ಎಲ್ಲ ಮೂಲೆಗೂ ಲೈಟ್ ಸುರಿದಿರುತ್ತಿದ್ದರು. ಇವರ ಪ್ರಿಂಟ್ ಹಾಗಲ್ಲ. ಅರ್ಧ ಮುಖ ನೆರಳಲ್ಲಿ, ಹಿಂದೆ ಒಂದೇ ಕಿಟಕಿ. ಕಡ್ಡಿ ಮಂಕಾದರೆ ಆ ನೆರಳೊಳಗೆ ಇದ್ದದ್ದೆಲ್ಲ ಕಪ್ಪು ಮಸಿ. ಜನ ಕೆಳಗಿಂದ ಕೂಗುವರು.

ಹಾಗಾಗಿ ನೀನು ಹೇಳಿದ ಹಕ್ಕು ಶೂಟಿಂಗ್ ದಿನಕ್ಕೇ ಮುಗಿಯುವುದಿಲ್ಲ ತಮ್ಮಾ. ಅವರು ಹಿಡಿದ ಬೆಳಕು ನಮ್ಮಂಥವರ ಕೈ ದಾಟಿಯೇ ಜನರಿಗೆ ತಲುಪಬೇಕಿತ್ತು. ಒಳ್ಳೆ ಕಡ್ಡಿ ಹಾಕಿ ಓಡಿಸಿದ ಶೋ ಒಂದು ಥರ, ಉಳಿಸಿ ಓಡಿಸಿದ್ದು ಇನ್ನೊಂದು ಥರ. ಅದೇ ಪ್ರಿಂಟ್!

ಕಿನ್ನಾಳ ಬಣ್ಣ

ನಾನು ಕೊಪ್ಪಳದಲ್ಲಿ ಚಿತ್ರಕಲೆ ಕಲಿಸುತ್ತೇನೆ. ಮಸ್ಕಿ ತಮ್ಮ ಹೇಳಿದ್ದನ್ನು ಅರ್ಧ ಒಪ್ಪುತ್ತೇನೆ, ಅರ್ಧ ಇಲ್ಲ.

ಶಿವನ್ ಅವರ ಬಣ್ಣದ ಕಣ್ಣು ಅಪರೂಪದ್ದು. 2005ರ 'ಅನಂತಭದ್ರಂ' ನೋಡಿ. ರಾಜಾ ರವಿವರ್ಮನ ಕ್ಯಾನ್ವಾಸಿನಿಂದ ನೇರವಾಗಿ ಇಳಿದುಬಂದ ಹೆಂಗಸರು, ಸೀರೆಯ ನೆರಿಗೆ, ದೀಪದ ಬೆಳಕು. ನಮ್ಮ ಮಕ್ಕಳಿಗೆ ತೋರಿಸಬೇಕು ಅನಿಸುವಷ್ಟು ಚೆನ್ನಾಗಿದೆ. ಆದರೆ ಕಾಯುವ ಹಕ್ಕು ಸಿಕ್ಕವನಿಗೆ ಬೇಡ ಅನ್ನುವವರು ಇರುವುದಿಲ್ಲ. 'ಅಶೋಕ' (2001) ಸಿನಿಮಾದಲ್ಲಿ ನನಗೆ ಅದೇ ಕಂಡಿತು. ನೀರೊಳಗಿನ ಬೆಳಕು ಸೊಗಸು, ಕಾಡು ಸೊಗಸು, ಕರೀನಾ ಹಣೆಯ ಹಚ್ಚೆ ಸೊಗಸು. ಒಂದೊಂದು ಚೌಕಟ್ಟೂ ನಿಂತು ನೋಡು ಅನ್ನುತ್ತದೆ. ನಾವು ನಿಂತು ನೋಡುವಷ್ಟರಲ್ಲಿ ಕಥೆಯೂ ನಿಂತುಬಿಡುತ್ತದೆ. ಒಬ್ಬ ರಾಜಕುಮಾರ ಹೇಗೆ ಕ್ರೂರಿಯಾದ ಅನ್ನುವುದು ನನ್ನ ಮನಸ್ಸಿಗೆ ಇಳಿಯಲೇ ಇಲ್ಲ. ಆಚೆ ಒಬ್ಬ ಗಟ್ಟಿ ನಿರ್ದೇಶಕ ಕೂತಿದ್ದರೆ, ಈ ಶಾಟ್ ಚೆನ್ನಾಗಿದೆ, ಆದರೆ ಬೇಡ ಅನ್ನುತ್ತಿದ್ದ ಅಲ್ವಾ? ಮಣಿರತ್ನಂ ಸಿನಿಮಾಗಳಲ್ಲಿ ಇವರ ಕ್ಯಾಮೆರಾ ಅಷ್ಟು ಹರಿತವಾಗಿ ಇರುವುದಕ್ಕೆ ಅದೂ ಒಂದು ಕಾರಣ.

'ದಿ ಟೆರರಿಸ್ಟ್' ಗೆದ್ದಿದ್ದು ಯಾಕೆಂದರೆ ಅಲ್ಲಿ ಕಥೆ ಒಂದು ಎಳೆಯಷ್ಟೇ. ಹುಡುಗಿ ಸಾಯಲು ಹೊರಟಿದ್ದಾಳೆ, ಹೊಟ್ಟೆಯಲ್ಲಿ ಮಗು ಇದೆ ಅಂತ ಗೊತ್ತಾಗುತ್ತದೆ. ಅಷ್ಟೇ. ಆ ಪ್ರಶ್ನೆಯನ್ನು ಮುಖವೇ ಹೊತ್ತುಕೊಳ್ಳುತ್ತದೆ. ಅಲ್ಲಿ ಕ್ಯಾಮೆರಾದವನ ತಾಳ್ಮೆ, ನಿರ್ದೇಶಕನ ತಾಳ್ಮೆ ಎರಡೂ ಒಂದೇ. ಕಿನ್ನಾಳದಲ್ಲಿ ಮರ ಕೆತ್ತುವ ಮನೆಯಲ್ಲೇ ಬಣ್ಣವನ್ನೂ ಹಾಕುತ್ತಾರೆ. ಚಿಕ್ಕ ಗೊಂಬೆಗೆ ಆ ಒಂದೇ ಕೈ ಬೇಕು. ದೊಡ್ಡ ತೇರಿಗೆ ಹತ್ತು ಕೈ ಬೇಕು.

ಮಸ್ಕಿ ಬಂಡೆ

ಅಕ್ಕಾ, ನೀವು 'ಅಶೋಕ' ಎತ್ತಿದ್ದು ಒಳ್ಳೆಯದಾಯಿತು. ನಮ್ಮೂರಿನವನು ಆ ಸಿನಿಮಾ ಬಗ್ಗೆ ಸುಮ್ನೆ ಇರೋಕೆ ಆಗಲ್ಲ.

ಆ ಸಿನಿಮಾ ಕಳಿಂಗ ಯುದ್ಧದ ಪಶ್ಚಾತ್ತಾಪಕ್ಕೆ ಮುಗಿಯುತ್ತದೆ. ಅಶೋಕ ನಮ್ಮ ಕಡೆ ಬಂದದ್ದು ಅದಾದ ಮೇಲೆ, ಅದೂ ಮಾತಾಗಿ, ಬಂಡೆಯ ಮೇಲೆ. 1915ರಲ್ಲಿ ಚಿನ್ನದ ಗಣಿಯ ಎಂಜಿನಿಯರ್ ಬೀಡನ್ ಮಸ್ಕಿಯ ಶಾಸನ ಪತ್ತೆ ಮಾಡಿದರು. ಅಲ್ಲಿಯವರೆಗೆ ದೊರೆತ ಅವನ ಶಾಸನಗಳಲ್ಲಿ ಇದ್ದದ್ದು ದೇವಾನಾಂಪ್ರಿಯ, ಪ್ರಿಯದರ್ಶಿ ಅನ್ನುವ ಬಿರುದುಗಳು. ಅವನದೇ ಶಾಸನದಲ್ಲಿ ಅಶೋಕ ಅನ್ನುವ ಹೆಸರು ಮೊದಲು ಓದಿದ್ದು ಇಲ್ಲೇ. ಅದರಲ್ಲಿ ಯುದ್ಧದ ಮಾತಿಲ್ಲ. ಧರ್ಮದಲ್ಲಿ ತೊಡಗಿದರೆ ಚಿಕ್ಕವನೂ ಗುರಿ ಮುಟ್ಟಬಹುದು, ದೊಡ್ಡವರಿಗೆ ಮಾತ್ರ ಅಂತ ತಿಳಿಯಬೇಡಿ ಅನ್ನುತ್ತದೆ.

ನೀವು ಹೇಳಿದ ದೋಷ ನಿಜ. ಹಾಡುಗಳು ಬಂದಾಗ ನನಗೂ ಕಥೆ ಕೈ ತಪ್ಪುತ್ತದೆ. ಆದರೆ ಯುದ್ಧ ಮುಗಿದ ಮೇಲಿನ ಭಾಗ ಇನ್ನೊಮ್ಮೆ ನೋಡಿ. ಗೆದ್ದವನು ಹೆಣಗಳ ನಡುವೆ ನಡೆಯುವಾಗ ಬಣ್ಣವೇ ಬತ್ತಿಹೋಗಿದೆ. ಅಷ್ಟು ಹೊತ್ತು ಕಣ್ಣು ತುಂಬ ಹಸಿರು, ನೀಲಿ ಕೊಟ್ಟಿದ್ದು ಇದನ್ನು ಕಸಿದುಕೊಳ್ಳೋದಕ್ಕೇ ಅನಿಸುತ್ತದೆ ನನಗೆ. ಈ ತೀರ್ಮಾನ ಬಣ್ಣದಿಂದಲೇ ಯೋಚಿಸುವವನು ಮಾಡಿದ್ದು.

ಸಿರುಗುಪ್ಪ ಗದ್ದೆ

ಮಧ್ಯೆ ಬಂದೆ, ಕ್ಷಮಿಸಿ. ನಮ್ಮ ಬಳ್ಳಾರಿ ಜಿಲ್ಲೆಯ ನಿಟ್ಟೂರು, ಉಡೆಗೋಳದ ಶಾಸನಗಳಲ್ಲೂ ಅಶೋಕನ ಹೆಸರಿದೆ. ಕೊಪ್ಪಳದ ಗವಿಮಠ, ಪಾಲ್ಕಿಗುಂಡು ಬಂಡೆಗಳಲ್ಲಿ ಶಾಸನವೇ ಇದೆ. ಮೂರೂ ಜಿಲ್ಲೆಗೂ ಆ ರಾಜ ಸೇರಬೇಕು.

ಇನ್ನೊಂದು ಮಾತು. ಕ್ಯಾಮೆರಾದಿಂದ ನಿರ್ದೇಶನಕ್ಕೆ ಬಂದವರ ಸಾಲಿನಲ್ಲಿ ಕನ್ನಡಕ್ಕೆ ದೊಡ್ಡ ಜಾಗ ಇದೆ. ಬಾಲು ಮಹೇಂದ್ರ ಮೊದಲು ನಿರ್ದೇಶಿಸಿದ್ದು ಕನ್ನಡದ 'ಕೋಕಿಲ', 1977. ಕಮಲ್ ಹಾಸನ್, ಶೋಭಾ ಇದ್ದರು. ಕ್ಯಾಮೆರಾನೂ ಅವರದೇ, ಛಾಯಾಗ್ರಹಣಕ್ಕೆ ರಾಷ್ಟ್ರ ಪ್ರಶಸ್ತಿಯೂ ಬಂತು. ಮಣಿರತ್ನಂ ಅವರ ಮೊದಲ ಚಿತ್ರ 'ಪಲ್ಲವಿ ಅನುಪಲ್ಲವಿ' (1983) ಕನ್ನಡದ್ದು, ಅದಕ್ಕೂ ಕ್ಯಾಮೆರಾ ಬಾಲು ಮಹೇಂದ್ರ. ಕಾರ್ನಾಡರ 'ಕಾಡು' (1973) ಚಿತ್ರಕ್ಕೆ ಕ್ಯಾಮೆರಾ ಹಿಡಿದ ಗೋವಿಂದ ನಿಹಲಾನಿ ಆಮೇಲೆ 'ಆಕ್ರೋಶ್', 'ಅರ್ಧ್ ಸತ್ಯ' ನಿರ್ದೇಶಿಸಿದರು. ಅವರು ನಮ್ಮ ಮೈಸೂರಿನ ವಿ.ಕೆ. ಮೂರ್ತಿಯವರ ಕೈಕೆಳಗೆ ಪಳಗಿದವರು. ಮೂರ್ತಿಯವರಿಗೆ ಫಾಲ್ಕೆ ಪ್ರಶಸ್ತಿ ಬಂತು, ಛಾಯಾಗ್ರಾಹಕರಲ್ಲಿ ಮೊದಲಿಗರು.

ಈಗಿನವರಲ್ಲಿ ಎಸ್. ಕೃಷ್ಣ. 'ಮುಂಗಾರು ಮಳೆ' (2006) ಚಿತ್ರದ ಆ ಮಳೆ ಹಿಡಿದವರು. 'ಗಜಕೇಸರಿ' (2014), 'ಹೆಬ್ಬುಲಿ' (2017), 'ಪೈಲ್ವಾನ್' (2019) ನಿರ್ದೇಶಿಸಿದರು. ಆದರೆ ಅವರು ನಿರ್ದೇಶಕರಾದ ಮೇಲೆ ಕ್ಯಾಮೆರಾವನ್ನು ಬೇರೆಯವರ ಕೈಗೆ ಕೊಟ್ಟರು. ಶಿವನ್ ಬಿಡಲೇ ಇಲ್ಲ. ಎರಡೂ ದಾರಿ ಸರಿಯೇ. ದೊಡ್ಡ ಹೀರೋ, ನೂರಾರು ಜನ ಇರುವ ಸೆಟ್ಟಿನಲ್ಲಿ ವ್ಯೂಫೈಂಡರ್ ಒಳಗೆ ಕಣ್ಣಿಟ್ಟು ಕೂತರೆ ನಟರನ್ನು ನೋಡಿಕೊಳ್ಳುವವರು ಯಾರು?

ತುಂಗಭದ್ರಾ ಎಡದಂಡೆ

ಗಂಗಾವತಿಯಿಂದ. ಆನೆಗೊಂದಿ, ಸಾಣಾಪುರ ಕಡೆ ಶೂಟಿಂಗ್‌ಗೆ ಬರುವ ಯೂನಿಟ್‌ಗಳಿಗೆ ಪ್ರೊಡಕ್ಷನ್ ಕೆಲಸ ಮಾಡಿಕೊಡುತ್ತೇನೆ. ನಿರ್ಮಾಣದ ವಿಷಯ ಯಾರೂ ಸರಿಯಾಗಿ ಹೇಳಲಿಲ್ಲ, ನಾನು ಹೇಳುತ್ತೇನೆ.

ಮಸ್ಕಿ ಅಣ್ಣಾ, ನಿರ್ಮಾಪಕನಾದರೆ ಕಾಯುವ ಹಕ್ಕು ಸಿಗುತ್ತದೆ ಅಂದಿರಿ. ನಾನು ನೋಡಿದ್ದು ಬೇರೆ. ಬೆಳಗ್ಗೆ ಮೋಡ ಬಂತು ಅಂದುಕೊಳ್ಳಿ. ಜನರೇಟರ್ ವ್ಯಾನ್ ಡೀಸೆಲ್ ಕುಡಿಯುತ್ತಾ ನಿಂತಿರುತ್ತದೆ. ಲೈಟ್‌ಮನ್‌ಗಳು, ಫೋಕಸ್ ಪುಲ್ಲರ್, ಮೇಕಪ್, ಜೂನಿಯರ್‌ಗಳು, ಡ್ರೈವರ್‌ಗಳು ಎಲ್ಲರ ಬಾಟಾ (ದಿನದ ಭತ್ಯೆ) ಓಡುತ್ತಿರುತ್ತದೆ. ಸಂಜೆ ಆರು ದಾಟಿದರೆ ಇನ್ನರ್ಧ ಕಾಲ್‌ಶೀಟ್, ಅಂದರೆ ಇನ್ನರ್ಧ ಪಾಳಿಯ ದುಡ್ಡು. ಹೀರೋ ನಾಳೆ ಬೇರೆ ಊರಲ್ಲಿ ಇರಬೇಕು. ಬೇರೆಯವರ ದುಡ್ಡಾದರೆ ಕ್ಯಾಮೆರಾಮನ್ ಧೈರ್ಯವಾಗಿ ಕಾಯೋಣ ಸರ್ ಅನ್ನುತ್ತಾನೆ. ತನ್ನದೇ ದುಡ್ಡಾದರೆ ಮೋಡದಲ್ಲೇ ತೆಗೆದು ಮುಗಿಸುತ್ತಾನೆ.

2011ರ 'ಉರುಮಿ' ಚಿತ್ರವನ್ನೇ ತೆಗೆದುಕೊಳ್ಳಿ. ವಾಸ್ಕೋ ಡ ಗಾಮನ ಕಾಲದ ಕಥೆ, ಕುದುರೆ, ಕತ್ತಿ, ನೂರಾರು ಜನ. ಆಗಸ್ಟ್ ಸಿನಿಮಾ ಅನ್ನುವ ಸಂಸ್ಥೆಯಿಂದ ಪೃಥ್ವಿರಾಜ್, ಶಾಜಿ ನಡೇಶನ್ ಜೊತೆ ಶಿವನ್ ಕೂಡ ನಿರ್ಮಾಪಕರು. ನಿರ್ದೇಶನ, ಕ್ಯಾಮೆರಾ ಕೂಡ ಅವರದೇ. ಮೂರು ತಲೆನೋವು ಒಂದೇ ತಲೆಗೆ. ಅದೇ ಸಂಸ್ಥೆಯಿಂದ ರಂಜಿತ್ ನಿರ್ದೇಶನದ 'ಇಂಡಿಯನ್ ರುಪೀ' ಬಂತು, ರಾಷ್ಟ್ರ ಪ್ರಶಸ್ತಿ ಪಡೆಯಿತು. ತಮ್ಮ ಚಿತ್ರಕ್ಕೆ ಮಾತ್ರ ಅಲ್ಲ, ಬೇರೆಯವರ ಚಿತ್ರಕ್ಕೂ ನಿಂತರು. ಇದನ್ನು ನಾನು ಗೌರವದಿಂದ ಹೇಳುತ್ತಿದ್ದೇನೆ.

ಇನ್ನು 'ಇನಂ', 2014. ಶ್ರೀಲಂಕಾ ಯುದ್ಧದಲ್ಲಿ ಸಿಕ್ಕಿಕೊಂಡ ಮಕ್ಕಳ ಕಥೆ. ತಮಿಳುನಾಡಿನಲ್ಲಿ ವಿರೋಧ ಎದ್ದು, ಬಿಡುಗಡೆಯಾದ ಕೆಲವೇ ದಿನಕ್ಕೆ ವಿತರಕರು ಚಿತ್ರಮಂದಿರಗಳಿಂದ ವಾಪಸ್ ತೆಗೆದರು. ನೀವು ಬೆಳಕಿಗೆ ಎಷ್ಟು ಬೇಕಾದರೂ ಕಾಯಿರಿ, ಸಿನಿಮಾ ಓಡುವುದು ಬಿಡುವುದು ನಿಮ್ಮ ಕೈಯಲ್ಲಿ ಇರುವುದಿಲ್ಲ. ಆ ಏಟು ತಿಂದ ಮೇಲೂ ಕೆಲಸ ಬಿಡಲಿಲ್ಲ. 2018ರಲ್ಲಿ ಮಣಿರತ್ನಂ ಚಿತ್ರಕ್ಕೆ ಕ್ಯಾಮೆರಾ, 2022ರಲ್ಲಿ 'ಜಾಕ್ ಎನ್ ಜಿಲ್' ನಿರ್ದೇಶನ, ಆಮೇಲೆ ಮೋಹನ್‌ಲಾಲ್ ನಿರ್ದೇಶಿಸಿದ 'ಬರೋಜ್' ಚಿತ್ರಕ್ಕೆ ಮತ್ತೆ ಕ್ಯಾಮೆರಾ.

ಮಸ್ಕಿ ಬಂಡೆ

ಎಡದಂಡೆ ತಮ್ಮಾ, ನಿನ್ನ ಲೆಕ್ಕ ನೂರಕ್ಕೆ ನೂರು ಸರಿ, ದೊಡ್ಡ ಯೂನಿಟ್‌ಗೆ. 'ಉರುಮಿ'ಯಲ್ಲಿ ಕಾಯುವುದು ಕಷ್ಟ. ಆದರೆ ಇವರ ಪಟ್ಟಿ ನೋಡು. ನಾಯಿಮರಿ ಹುಡುಕುವ ಮುಂಬೈ ಹುಡುಗಿಯ ಕಥೆ 'ಹಲೋ'. ಕಾಡಿನಂಚಿನ ಪುಟ್ಟ ಹುಡುಗಿಯ ಕಥೆ 'ಮಲ್ಲಿ'. ಕಾಶ್ಮೀರದಲ್ಲಿ ಕತ್ತೆ ಕಳೆದುಕೊಂಡ ಹುಡುಗನ ಕಥೆ 'ತಹಾನ್' (2008). ಮತ್ತೆ ಮತ್ತೆ ಮಕ್ಕಳ ಕಡೆಗೆ, ಹೊರಾಂಗಣದ ಕಡೆಗೆ, ಕಡಿಮೆ ಪಾತ್ರಗಳ ಕಡೆಗೆ ಹೋಗುತ್ತಾರೆ. ಜನರೇಟರ್ ಬೇಡದ ಕಥೆಗಳು ಇವು. ಡೀಸೆಲ್ ಉರಿಯದಿದ್ದರೆ ಮೋಡ ಸರಿಯುವವರೆಗೆ ಕೂತಿರಬಹುದು. ದೊಡ್ಡ ಸಿನಿಮಾಗಳ ಕ್ಯಾಮೆರಾ ಕೆಲಸ ಒಂದು ಕಡೆ, ಇಂಥ ಚಿಕ್ಕ ಚಿತ್ರಗಳು ಇನ್ನೊಂದು ಕಡೆ. ಎರಡನ್ನೂ ಮೂವತ್ತು ವರ್ಷ ಜೊತೆಯಲ್ಲಿ ನಡೆಸಿದ್ದೇ ಅವರ ವೃತ್ತಿಯ ದೊಡ್ಡ ಸಂಗತಿ ಅಂತ ನಾನು ನಂಬುತ್ತೇನೆ.

ಕಿನ್ನಾಳ ಬಣ್ಣ

ಈ ಉತ್ತರ ನನಗೂ ಒಪ್ಪಿಗೆ. ಚಿತ್ರ ಚಿಕ್ಕದಾದಷ್ಟೂ ಅವರ ನಿರ್ದೇಶನ ಗಟ್ಟಿ. ಇಷ್ಟು ಹೇಳಿ ನಿಲ್ಲಿಸುತ್ತೇನೆ.

ಸಿರುಗುಪ್ಪ ಗದ್ದೆ

ಒಂದು ಕೆಲಸದ ಪ್ರಶ್ನೆ. ನಾನು ಗದ್ದೆ ನಡುವೆ ಒಂದು ಕಿರುಚಿತ್ರ ತೆಗೆಯುತ್ತಿದ್ದೇನೆ, ನಮ್ಮ ತಾಯಿಯೇ ನಟಿ. ಭತ್ತ ಹಸಿರಾಗಿದೆ. ಗಲ್ಲದ ಕೆಳಗೆ, ಕುತ್ತಿಗೆಗೆ ಹಸಿರು ಬಣ್ಣ ಬರುತ್ತಿದೆ. ಎಡಿಟಿಂಗ್‌ನಲ್ಲಿ ತೆಗೆದರೆ ಸೀರೆಯ ಬಣ್ಣವೂ ಕೆಡುತ್ತದೆ. ಏನು ಮಾಡಬೇಕು?

ಮಸ್ಕಿ ಬಂಡೆ

ಬಿಸಿಲು ಗದ್ದೆಗೆ ಬಡಿದು ಕೆಳಗಿಂದ ಮುಖಕ್ಕೆ ಬರುತ್ತಿದೆ, ಅದಕ್ಕೇ ಹಸಿರು. ಚೌಕಟ್ಟಿನ ಕೆಳಗೆ, ಅಮ್ಮನ ಕಾಲ ಬಳಿ ಬದುವಿನ ಮೇಲೆ ಕಪ್ಪು ಬಟ್ಟೆ ಹಾಸಿ. ಕಪ್ಪು ಕೊಡೆ ಬಿಚ್ಚಿಟ್ಟರೂ ನಡೆಯುತ್ತದೆ. ಆ ಹಸಿರು ಅಲ್ಲೇ ನಿಲ್ಲುತ್ತದೆ. ಆಮೇಲೆ ಒಂದು ಬದಿಯಿಂದ ಬಿಳಿ ಥರ್ಮಾಕೋಲ್ ಹಿಡಿಸಿ, ಕೆಳಗಿಂದ ಬೇಡ, ಮುಖದ ಎತ್ತರಕ್ಕೆ. ಬೆಳ್ಳಿ ಹಾಳೆಯ ರಿಫ್ಲೆಕ್ಟರ್ ನಮ್ಮ ಬಿಸಿಲಿಗೆ ಜಾಸ್ತಿ ಆಗುತ್ತದೆ, ಅಮ್ಮ ಕಣ್ಣು ಕಿರಿದು ಮಾಡುತ್ತಾರೆ.

ಬೆಳಗ್ಗೆ ಒಂಬತ್ತರೊಳಗೆ ಮುಗಿಸಿ, ಇಲ್ಲ ಅಂದರೆ ಸಂಜೆ ಐದರ ಮೇಲೆ. ಸೂರ್ಯ ಅಮ್ಮನ ಬೆನ್ನ ಹಿಂದೆ ಇರಲಿ. ಭತ್ತದ ಎಲೆಯೊಳಗಿಂದ ಬೆಳಕು ದಾಟಿ ಬರುತ್ತದೆ, ಕೂದಲಿನ ಅಂಚು ಹೊಳೆಯುತ್ತದೆ. ಮುಖ ಸ್ವಲ್ಪ ಕತ್ತಲಾದರೂ ಹೆದರಬೇಡಿ, ಕಣ್ಣು ಕಂಡರೆ ಸಾಕು. ನೀವೇ ನಿರ್ದೇಶಕರು, ನೀವೇ ನಿರ್ಮಾಪಕರು, ನಟಿ ಮನೆಯವರು. ಬೆಳಕು ಸರಿ ಇಲ್ಲದಿದ್ದರೆ ನಾಳೆ ತೆಗೆಯಿರಿ.

ರೀಲು ಬಳ್ಳಾರಿ

ಮಸ್ಕಿ ತಮ್ಮಾ, ನಿಮ್ಮೂರ ಬಂಡೆಯ ಮೇಲೆ ನೀನೇ ಒಂದು ಚಿಕ್ಕ ಚಿತ್ರ ಯಾಕೆ ಮಾಡಬಾರದು? ಇಷ್ಟೆಲ್ಲ ತಿಳಿದಿದೆ.

ಮಸ್ಕಿ ಬಂಡೆ

ಆ ಆಸೆ ಇದೆ ಸರ್. ಶಾಸನದ ಅಕ್ಷರ ಆಳವಾಗಿಲ್ಲ. ಎದುರಿನಿಂದ ಲೈಟ್ ಬಿಟ್ಟರೆ ಬರೀ ಕಲ್ಲು ಕಾಣುತ್ತದೆ. ಬೆಳಕು ಪಕ್ಕದಿಂದ ಬಂಡೆಯನ್ನು ಸವರಿಕೊಂಡು ಬಂದರೆ ಒಂದೊಂದೇ ಅಕ್ಷರ ಎದ್ದು ನಿಲ್ಲುತ್ತದೆ. ಒಂದು ಪುಟ್ಟ ಎಲ್‌ಇಡಿಯನ್ನು ನಿಧಾನಕ್ಕೆ ಸರಿಸುತ್ತಾ ಆ ಹೆಸರು ಇರುವ ಸಾಲನ್ನು ಒಂದೇ ಶಾಟ್‌ನಲ್ಲಿ ತೆಗೆಯಬೇಕು ಅಂತಿದ್ದೇನೆ. ಓದುವ ದನಿ ನಮ್ಮೂರ ಶಾಲೆಯ ಹುಡುಗಿಯದು.

ತುಂಗಭದ್ರಾ ಎಡದಂಡೆ

ಅಣ್ಣಾ, ಅದು ಸಂರಕ್ಷಿತ ಸ್ಮಾರಕ. ಟ್ರೈಪಾಡ್, ಲೈಟ್ ಇಟ್ಟು ಚಿತ್ರೀಕರಣ ಮಾಡಲು ಪುರಾತತ್ವ ಇಲಾಖೆಯ ಅನುಮತಿ ಮೊದಲೇ ಬೇಕು. ಅರ್ಜಿಯಲ್ಲಿ ಯಾವ ದಿನ, ಎಷ್ಟು ಜನ, ಏನೇನು ಸಾಮಾನು ಅಂತ ಬರೆಯಿರಿ. ಬಂಡೆ ಮುಟ್ಟುವುದಿಲ್ಲ, ಬಿಸಿ ಬಿಡುವ ಲೈಟ್ ಹಾಕುವುದಿಲ್ಲ ಅಂತ ಸ್ಪಷ್ಟವಾಗಿ ಹೇಳಿ. ಕಾಗದ ಪತ್ರ ನಾನು ನೋಡಿಕೊಳ್ಳುತ್ತೇನೆ, ನನ್ನ ಕಡೆಯಿಂದ ದುಡ್ಡು ಬೇಡ. ಒಂದಲ್ಲ, ಹಿಂದೆ ಮುಂದೆ ನಾಲ್ಕೈದು ದಿನ ಕೇಳಿ ಹಾಕೋಣ, ಆಗ ಅವಸರ ಇರುವುದಿಲ್ಲ.